ಶಾಬಾನ್ ಅತಿಯ ಎಂಬ ಹೆಸರಿನ ಐವರು

ಈಜಿಪ್ಟಿನ ದಮಿಯತ್ತಾ ಊರಿನಲ್ಲಿ ಹೆಸರಿನ ಫಜೀತಿಗೆ ಸಿಕ್ಕವರೆಲ್ಲ ಕೊನೆಗೆ ಬಂದು ಕೂರುತ್ತಿದ್ದುದು ಅವಾತಿಫಳ ಮನೆಯಲ್ಲಿ. ಮೂವತ್ತೈದು ವರ್ಷ ಜನನ-ಮರಣ ನೋಂದಣಿ ಕಚೇರಿಯಲ್ಲಿ ಗುಮಾಸ್ತೆಯಾಗಿ ಸವೆದು ನಿವೃತ್ತಳಾದವಳು. ಊರಿಗೆಲ್ಲ ಆಕೆ ಅಬ್ಲ, ಎಂದರೆ ಅಕ್ಕ. ತನ್ನ ಹೆಸರು, ಅಪ್ಪನದು, ಅಜ್ಜನದು, ಮುತ್ತಜ್ಜನದು, ಇಷ್ಟನ್ನು ಸಾಲಾಗಿ ಬರೆದರೆ ಒಬ್ಬ ಮನುಷ್ಯ ಆಗುತ್ತಾನೆ ಎಂದು ಸರ್ಕಾರ ನಂಬಿಕೊಂಡಿದೆ. ಆದರೆ ಹಿರಿಮಗನಿಗೆ ಅಜ್ಜನ ಹೆಸರಿಡುವುದನ್ನು ನಮ್ಮ ಜನ ಬಿಡಬೇಕಲ್ಲ. ಒಂದೇ ಸಾಲಿನಲ್ಲಿ ನಾಲ್ಕೈದು ಜನ ಸಿಕ್ಕಿಬೀಳುತ್ತಾರೆ. ಒಬ್ಬ ಮೇಕೆ ಕದ್ದರೆ ಇನ್ನೊಬ್ಬನ ಬಾಗಿಲು ಬಡಿಯುತ್ತಾರೆ ಪೊಲೀಸರು. ಆಗ ಅಬ್ಲ ಅಲ್ಲಿ ಇಲ್ಲಿ ಫೋನು ಮಾಡಿ, ದಾಖಲೆ ತೆಗೆಸಿ, ನಿಜವಾದ ಕಳ್ಳ ಯಾವ ಊರಿನವನೆಂದು ಪತ್ತೆಹಚ್ಚಿ, 'ಆ ಮನುಷ್ಯ ನಾನಲ್ಲ' ಎಂಬ ಅರ್ಜಿ ಬರೆದುಕೊಡುತ್ತಿದ್ದಳು. ಹೀಗೆ ಆಕೆ ಹೆಸರು ತೊಳೆದುಕೊಟ್ಟವರು ನೂರಾರು ಮಂದಿ.

ಆಕೆಯ ಅಪ್ಪ ಅತಿಯ ಬಡಗಿ, ಜನರ ಬಾಯಲ್ಲಿ ಉಸ್ತಾ, ಎಂದರೆ ಮೇಸ್ತ್ರಿ. ಎಂಬತ್ನಾಲ್ಕು ವರ್ಷ. ಕೈ ನಡುಗುತ್ತದೆ, ಕಣ್ಣು ಮಾತ್ರ ಮರದ ಗಂಟನ್ನು ದೂರದಿಂದಲೇ ಹಿಡಿಯುತ್ತದೆ. ಒಂದು ಮಂಗಳವಾರ ಪಕ್ಕದ ಅಂಗಡಿಯ ಬಡಗಿ ಕೈರೋದಿಂದ ತಂದ ಹೊಸ ಕ್ಲಾಂಪು ತೋರಿಸಲು ಬಂದ. ಕುರ್ಚಿಯ ಬಾಗಿದ ಬೆನ್ನಿಗೆ ಅಂಟು ಹಚ್ಚಿದ ಮೇಲೆ ಒಣಗುವ ತನಕ ಬಿಗಿಹಿಡಿಯುವ ಸಾಧನ. ಒಂದೇ ಹಿಡಿ ತಿರುಗಿಸಿದರೆ ಎರಡೂ ದವಡೆಗಳು ಒಟ್ಟಿಗೆ ಒಳಬರುತ್ತವೆ. ಮುದುಕ ಅದನ್ನು ಎರಡು ಸಲ ತಿರುಗಿಸಿದ. ಒಳಗಿನ ತಿರುಪಿಗೆ ಬೆರಳು ತಾಗಿಸಿ ನೋಡಿ ಮಂಡಿಯ ಮೇಲಿಟ್ಟುಕೊಂಡ. ಅದು ಅವನದೇ ಕೈಯ ಕಲ್ಪನೆ. ಹದಿನೆಂಟು ವರ್ಷದ ಹಿಂದೆ ನಕ್ಷೆ ಬರೆದು, ಮಾದರಿ ಮಾಡಿ, ಪೇಟೆಂಟ್ ಕಚೇರಿಗೆಂದು ಒಬ್ಬನೇ ಮಗನ ಕೈಯಲ್ಲಿ ಕಳಿಸಿದ್ದ. ಇಂಥದ್ದು ಜರ್ಮನಿಯಲ್ಲಿ ಆಗಲೇ ಇದೆಯಂತೆ, ಬೇಡ ಅಂದರು ಎಂದು ಮಗ ಬರಿಗೈಯಲ್ಲಿ ವಾಪಸು ಬಂದಿದ್ದ. ಆ ದಿನದಿಂದ ಉಸ್ತಾ ಹೊಸದೇನನ್ನೂ ಮಾಡಲು ಹೋಗಲಿಲ್ಲ.

ಕ್ಲಾಂಪಿನ ಮೈಮೇಲೆ ಪೇಟೆಂಟ್ ಸಂಖ್ಯೆ ಇತ್ತು. ಅವಾತಿಫ್ ಅದನ್ನು ಬರೆದುಕೊಂಡು ಕೈರೋದ ಪರಿಚಯದವರಿಗೆ ಫೋನು ಮಾಡಿದಳು. ಶುಕ್ರವಾರದ ಊಟಕ್ಕೆ ತಮ್ಮನೂ ಬಂದು ಕೂತಿದ್ದಾಗ ಉತ್ತರ ಬಂತು. ಆಕೆ ಚೀಟಿಯಲ್ಲಿ ಬರೆದುಕೊಂಡದ್ದನ್ನು ಗಟ್ಟಿಯಾಗಿ ಓದಿದಳು. ಶಾಬಾನ್ ಅತಿಯ ಶಾಬಾನ್ ಬದವಿ.

ಅದು ತಮ್ಮನ ಹೆಸರು.

ಶಾಬಾನನೇ ಮೊದಲು ನಕ್ಕ. "ನೋಡಿದ್ಯಾ ಅಬ್ಲ? ನನಗೇ ಗೊತ್ತಿಲ್ದಂಗೆ ನಾನು ವಿಜ್ಞಾನಿ ಆಗ್ಬಿಟ್ಟಿದೀನಿ."

ಉಸ್ತಾ ನಗಲಿಲ್ಲ. "ಹೆಸರು ಹೋಲಿಕೆ," ಎಂದ. "ಈ ದೇಶದಲ್ಲಿ ಶಾಬಾನ್‌ಗಳಿಗೆ ಬರ ಇಲ್ಲ. ಯಾವನೋ ಆ ಕಚೇರೀಲಿ ನನ್ನ ನಕ್ಷೆ ನೋಡಿದಾನೆ, ಹೊಡ್ಕೊಂಡಿದಾನೆ. ಅವಾತಿಫ್, ಊರವರ ಕಳ್ಳರನ್ನೆಲ್ಲ ಹುಡುಕ್ತೀಯ. ನಿಮ್ಮಪ್ಪನ ಕಳ್ಳನನ್ನೂ ಒಂಚೂರು ಹುಡುಕು."

"ಹುಡುಕು ಅಬ್ಲ, ಆ ನಾಯಿನ ಬಿಡಬಾರ್ದು," ಎಂದ ತಮ್ಮ. "ಕಾರು ಬೇಕಾದ್ರೆ ಹೇಳು."

ಆಕೆಯ ತಲೆಯಲ್ಲಿ ಆ ಕ್ಷಣವೇ ಒಂದು ಯೋಚನೆ ಹಾದುಹೋಯಿತು. ಹೋದ ಕೂಡಲೇ ಆಕೆಗೆ ತನ್ನ ಮೇಲೆಯೇ ಅಸಹ್ಯವಾಯಿತು. ಅಮ್ಮ ಸತ್ತಾಗ ತಮ್ಮನಿಗೆ ನಾಲ್ಕು, ಇವಳಿಗೆ ಹದಿನೈದು. ಸ್ನಾನ ಮಾಡಿಸಿ, ತಲೆ ಬಾಚಿ, ಜ್ವರ ಬಂದಾಗ ಎದೆಯ ಮೇಲೆ ಮಲಗಿಸಿಕೊಂಡು ಬೆಳೆಸಿದ ಹುಡುಗ. ಬಂದ ಎರಡು ಸಂಬಂಧಗಳನ್ನು ಇವನು ಚಿಕ್ಕವನು ಎಂದೇ ಬಿಟ್ಟಿದ್ದಳು. ಅವನು ಅಂಥವನಲ್ಲ. ಅಂಥವನು ಬೇರೆ ಯಾವನೋ ಇದ್ದಾನೆ, ಇರಲೇಬೇಕು. ಅವನನ್ನು ಹುಡುಕಿ ತೆಗೆಯುವುದೇ ಈಗ ಆಕೆಯ ಕೆಲಸ.

ನೋಂದಣಿ ಕಚೇರಿಯ ಹಳೆಯ ಗೆಳತಿಯರು ಪುಸ್ತಕ ತಿರುವಿದರು. ಅದೇ ನಾಲ್ಕು ಹೆಸರಿನ ಸಾಲು, ವಯಸ್ಸೂ ಹೊಂದುವಂಥವರು, ತಮ್ಮನನ್ನು ಬಿಟ್ಟು ಐವರು ಸಿಕ್ಕರು. ಆಕೆಗೆ ಹಿಡಿಸಲಾರದಷ್ಟು ಸಂತೋಷವಾಯಿತು. ಐವರಲ್ಲಿ ಒಬ್ಬ ಸಾಕಲ್ಲ.

ಮೊದಲನೆಯವನು ಎಜ್ಬೆತ್ ಅಲ್-ಬುರ್ಜ್‌ನ ಮೀನುಗಾರ. ದೋಣಿಗೆ ಬಣ್ಣ ಹೊಡೆಯುತ್ತಿದ್ದವನು ಕುಂಚ ಇಳಿಸಲೇ ಇಲ್ಲ. "ಪೇಟೆಂಟ್ ಅಂದ್ರೆ ಯಾವ ಮೀನು, ತಾಯಿ? ನನ್ನ ಹೆಸರಲ್ಲಿ ಎರಡು ಸಲ ಜೈಲಿಗೆ ಹಾಕಿದ್ರು, ಎರಡೂ ಸಲ ಬೇರೆಯವನ ಪಾಪಕ್ಕೆ. ಈ ಸಲ ಏನಾದ್ರೂ ಒಳ್ಳೇದು ಬರೋದಿದ್ರೆ ಹೌದು ನಾನೇ ಅಂತ ಬರ್ಕೊಳ್ಳಿ."

ನಗುತ್ತಲೇ ಆಕೆ ಕೊನೆಯ ಪ್ರಶ್ನೆ ಕೇಳಿದಳು, ತಾಯಿಯ ಹೆಸರು. ಹೆಸರಿನ ಸಾಲು ಎಷ್ಟು ಹೊಂದಿದರೂ ತಾಯಿಯ ಹೆಸರಿನಲ್ಲಿ ಬೇರೆಯಾಗುತ್ತದೆ, ಕಚೇರಿಗೆ ಅದೇ ಕೊನೆಯ ಗುರುತು. ಆದರೆ ಗಂಡಸರ ಬಾಯಿಂದ ಅದನ್ನು ಹೊರಡಿಸುವುದು ಹಲ್ಲು ಕಿತ್ತ ಹಾಗೆ. ತಾಯಿಯ ಹೆಸರನ್ನು ಬೀದಿಯಲ್ಲಿ ಆಡಿದರೆ ಇವರ ಮಾನ ಹೋಗುತ್ತದೆ. ಮೀನುಗಾರ ಆ ಕಡೆ ಈ ಕಡೆ ನೋಡಿ, ಕುಂಚದ ಹಿಡಿಯಿಂದ ಮರಳಿನ ಮೇಲೆ ಬರೆದು, ಆಕೆ ಓದಿದ್ದೇ ತಡ ಕಾಲಿನಿಂದ ಅಳಿಸಿಬಿಟ್ಟ.

ಎರಡನೆಯವನು ಪೋರ್ಟ್ ಸಯೀದ್‌ನಲ್ಲಿ ಸತ್ತು ಇಪ್ಪತ್ತೆರಡು ವರ್ಷವಾಗಿತ್ತು. ಮೂರನೆಯವನು ಜಗಾಜೀಗ್‌ನ ಪೊಲೀಸು, ಪೇಟೆಂಟ್ ಎಂಬ ಮಾತನ್ನೇ ಕೇಳಿರದವನು. ಅವನ ಅಮ್ಮನ ಹೆಸರನ್ನು ಸಿಗರೇಟು ಪ್ಯಾಕಿನ ಒಳಗೆ ಬರೆಸಿಕೊಳ್ಳುವಷ್ಟರಲ್ಲಿ ಅರ್ಧ ದಿನ ಹೋಯಿತು. ನಾಲ್ಕನೆಯವನು ಮನ್ಸೂರಾದ ಕ್ಷೌರಿಕ, ಎಡಗೈಯ ಮೂರು ಬೆರಳು ಹುಟ್ಟಿನಿಂದಲೇ ಇಲ್ಲ, ಕುರ್ಚಿಯನ್ನು ಕೂರುವುದಕ್ಕೆ ಬಿಟ್ಟರೆ ಮುಟ್ಟಿದವನಲ್ಲ.

ಐದನೆಯವನು ತಂತಾದಲ್ಲಿದ್ದ ಇಂಜಿನಿಯರ್, ಅವನ ಹೆಸರಿನಲ್ಲಿ ಪೇಟೆಂಟ್ ಕೂಡ ಇದೆ ಎಂದು ಗೊತ್ತಾದಾಗ ಆಕೆ ಅಡಿಗೆಮನೆಯಲ್ಲಿ ಒಬ್ಬಳೇ ಕೂತು ಅತ್ತಳು. ಸಮಾಧಾನದ ಅಳು. ಅಲ್ಲಿಗೆ ತಮ್ಮನೇ ಕಾರಿನಲ್ಲಿ ಕರೆದುಕೊಂಡು ಹೋದ. ದಾರಿಯುದ್ದಕ್ಕೂ ಹಾಡಿಕೊಂಡು ಓಡಿಸಿದ.

ಇಂಜಿನಿಯರು ದಪ್ಪ ಮನುಷ್ಯ. ತನ್ನದೇ ಹೆಸರಿನ ಇನ್ನೊಬ್ಬ ಬಾಗಿಲಲ್ಲಿ ನಿಂತದ್ದು ನೋಡಿ ತಬ್ಬಿಕೊಂಡ. "ಬಾ ನನ್ನಪ್ಪ, ನನ್ನ ಸಾಲಗಾರರು ಬಂದ್ರೆ ಇನ್ಮೇಲೆ ನಿನ್ನ ಮನೆ ತೋರಿಸ್ತೀನಿ." ಚಹಾ ಬಂತು. ಪೇಟೆಂಟ್ ವಿಷಯ ಎತ್ತಿದ ಕೂಡಲೇ ಅವನು ಹಿಗ್ಗಿ ಒಳಗೆ ಹೋಗಿ ಚೌಕಟ್ಟು ಹಾಕಿಸಿದ ಕಾಗದ ತಂದ. ಅವಾತಿಫ್ ಕನ್ನಡಕ ಹಾಕಿಕೊಂಡು ಓದಿದಳು. ಫೂಲ್ ಎಂಬ ಬೆಳಗಿನ ತಿಂಡಿ ಮಾಡುವ ಅವರೆಯಂಥ ಕಾಳಿನಿಂದ ಕಲ್ಲು ಬೇರ್ಪಡಿಸುವ ಜರಡಿ. ಸಂಖ್ಯೆ ಬೇರೆ, ವರ್ಷ ಬೇರೆ.

"ಕ್ಲಾಂಪು ಮಾಡಿಲ್ವಾ ನೀವು?" ಎಂದು ಕೇಳಿದಳು. ಕೇಳಿದ್ದಲ್ಲ, ಬೇಡಿದ್ದು.

"ಮರಗೆಲಸ ನನಗೆ ಬರಲ್ಲ ತಾಯಿ. ಮೊಳೆ ಹೊಡೆಯೋಕೂ ನನ್ನ ಹೆಂಡ್ತೀನೇ ಕರೀತೀನಿ."

ವಾಪಸು ಬರುವಾಗ ಶಾಬಾನ್ ಅಕ್ಕನಿಗೆಂದು ಒಂದು ಡಬ್ಬ ಹಲ್ವ, ಒಂದು ಪೊಟ್ಟಣ ಸಕ್ಕರೆ ಕಡಲೆ ಕೊಂಡ. "ಬಿಡು ಅಬ್ಲ, ನೊಂದ್ಕೋಬೇಡ. ನೋಂದಣೀಲಿ ಇಲ್ದೇ ಇರೋ ಶಾಬಾನ್ ಎಷ್ಟೋ ಜನ ಇರ್ತಾರೆ. ವಿದೇಶಕ್ಕೆ ಹೋದವರು, ಹುಟ್ಟಿದ್ದು ಬರೆಸ್ದೇ ಇದ್ದವರು. ಇಷ್ಟು ಮಾಡಿದ್ಯಲ್ಲ, ಅಪ್ಪಂಗೆ ಸಾಕು." ಅವನ ದನಿ ಎಷ್ಟು ಮೆತ್ತಗಿತ್ತೆಂದರೆ ಆಕೆ ಅವನ ಭುಜ ತಟ್ಟಿದಳು. ಕಡಲೆಯನ್ನು ಇಬ್ಬರೂ ಹಂಚಿಕೊಂಡು ತಿಂದರು.

ಅವನು ಸಾಕು ಎಂದದ್ದೇ ಆಕೆಯನ್ನು ಕೈರೋಗೆ ಎಬ್ಬಿಸಿ ಕಳಿಸಿತು. ಅರ್ಧಕ್ಕೆ ಬಿಟ್ಟ ಕಡತವೆಂದರೆ ಆಕೆಗೆ ಆಗದು. ಯಾರಿಗೂ ಹೇಳದೆ ಬೆಳಗಿನ ಬಸ್ಸು ಹತ್ತಿದಳು. ಪೇಟೆಂಟ್ ದಾಖಲೆ ನೋಡಿಕೊಳ್ಳುವ ಹೆಂಗಸು ಒಂದು ಗಂಟೆ ಕಾಯಿಸಿ ಹಳೆಯ ಕಡತ ತಂದಿಟ್ಟಳು. ಮೊದಲ ಹಾಳೆಯಲ್ಲಿ ಅಪ್ಪನ ಕೈಯ ನಕ್ಷೆ, ಸೀಸದಕಡ್ಡಿ ತಿದ್ದುವಾಗ ಎಂಜಲು ಹಚ್ಚಿದ ಕಲೆ ಸಮೇತ. ಎರಡನೆಯದು ಅರ್ಜಿ. ಕಂಡುಹಿಡಿದವರು ಎಂಬಲ್ಲಿ ಒಂದೇ ಹೆಸರು. ಮೂರನೆಯದು ಅರ್ಜಿದಾರನ ಜನನ ಪತ್ರದ ಪ್ರತಿ. ತಾಯಿಯ ಹೆಸರು, ನಬವಿಯ ಇಬ್ರಾಹಿಂ ಹಗ್ರಸ್, ಆಕೆಯ ಸ್ವಂತ ಅಮ್ಮ. ಪತ್ರದ ಕೆಳಗೆ, ನಕಲು ಸರಿಯಾಗಿದೆ ಎಂದು ದೃಢೀಕರಿಸಿದ ದಮಿಯತ್ತಾ ಕಚೇರಿಯ ಗುಮಾಸ್ತೆಯ ಸಹಿ. ಆ ಸಹಿ ಅವಾತಿಫಳದೇ.

ಶಾಲೆಗೆ ಬೇಕು, ಸೈನ್ಯಕ್ಕೆ ಬೇಕು, ಪಾಸ್‌ಪೋರ್ಟಿಗೆ ಬೇಕು ಎಂದು ಅವನು ಬಂದಾಗಲೆಲ್ಲ ಆಕೆ ಸರದಿ ಮುರಿದು ಮಾಡಿಕೊಟ್ಟದ್ದುಂಟು. ಅದರಲ್ಲಿ ಇದು ಯಾವುದೋ ಒಂದು. ಐದು ಊರು ತಿರುಗಿ, ಗಂಡಸರ ಅಮ್ಮಂದಿರ ಹೆಸರು ಕೆದಕಿ, ಆಕೆ ನಲವತ್ತು ದಿನ ಹುಡುಕಿದ್ದು ತನ್ನ ಮುದ್ರೆ ಬಿದ್ದ ಕಾಗದವನ್ನು. ಅವಳನ್ನು ಕಾರಿನಲ್ಲಿ ಕೂರಿಸಿಕೊಂಡು ಹಾಡುತ್ತ ಓಡಿಸಿದವನು ಅದೇ ಮನುಷ್ಯ. ಸಿಟ್ಟಿಗಿಂತ ಮೊದಲು ನಾಚಿಕೆಯಾಯಿತು, ಇಷ್ಟು ವರ್ಷ ಊರಿಗೆ ಬುದ್ಧಿ ಹೇಳಿಕೊಂಡು ಬಂದವಳು ಮನೆಯೊಳಗೇ ಬೇಸ್ತುಬಿದ್ದಳಲ್ಲ ಎಂದು.

ಕಚೇರಿಯ ಹೆಂಗಸು ದಾರಿ ಹೇಳಿದಳು. ನಿಜವಾಗಿ ಕಂಡುಹಿಡಿದವರು ಬದುಕಿದ್ದರೆ ದೂರು ಕೊಡಬಹುದು, ಅವರ ಸಹಿ ಒಂದಿದ್ದರೆ ಸಾಕು, ಹೆಸರು ತಿದ್ದುವ ಕೆಲಸ ಶುರುವಾಗುತ್ತದೆ. ಅವಾತಿಫ್ ಅಲ್ಲೇ ಮೇಜಿನ ಮೂಲೆಯಲ್ಲಿ ಕೂತು ದೂರು ಬರೆದಳು. ಇಷ್ಟು ಚೆನ್ನಾದ ಅರ್ಜಿ ಆಕೆ ಜನ್ಮದಲ್ಲಿ ಬರೆದಿರಲಿಲ್ಲ.

ಶುಕ್ರವಾರ ಈರುಳ್ಳಿ ತುಂಬಿದ ಬಾತುಕೋಳಿ ಮಾಡಿದಳು. ಅಪ್ಪ ಕೂತ, ತಮ್ಮ ಕೂತ. ಆಕೆ ಬಡಿಸಲಿಲ್ಲ. ತಟ್ಟೆಯ ಜಾಗದಲ್ಲಿ ಕಾಗದ ಇಟ್ಟಳು.

"ಸಿಕ್ಕಿದ್ನಾ?" ಎಂದ ಉಸ್ತಾ.

"ಸಿಕ್ಕಿದ."

ಶಾಬಾನ್ ಕಾಗದ ನೋಡಿದ. "ಅಬ್ಲ, ಊಟ ಆಗ್ಲಿ," ಎಂದ.

"ಓದು," ಎಂದ ಅಪ್ಪ. "ನನಗೆ ಕನ್ನಡಕ ಇಲ್ಲ."

ಆಕೆ ಓದಿದಳು. ನಾಲ್ಕು ಹೆಸರಿನ ಸಾಲು ಓದಿ, ಆಮೇಲೆ ಅಮ್ಮನ ಹೆಸರು ಓದಿದಳು. ನಲವತ್ತೇಳು ವರ್ಷದಿಂದ ಆ ಮನೆಯಲ್ಲಿ ಯಾರೂ ಆಡದ ಹೆಸರು. ಶಾಬಾನ್ ತಲೆ ತಗ್ಗಿಸಿದ. ಉಸ್ತಾ ಮಾತ್ರ ಮಗನ ಕಡೆ ಮುಖ ತಿರುಗಿಸಲೂ ಇಲ್ಲ.

ತಮ್ಮನೇ ಬಾಯಿಬಿಟ್ಟ. "ಅಪ್ಪನ ಗುರುತಿನ ಚೀಟಿ ಅವಧಿ ಮುಗಿದಿತ್ತು ಅಬ್ಲ. ಕಿಟಕೀಲಿ ಕೂತಿದ್ದವನು ನಿಮ್ಮದು ಕೊಡಿ ಅಂದ. ಕೊಟ್ಟೆ. ಆಮೇಲೆ ತಿದ್ದಿಸೋಣ ಅಂದ್ಕೊಂಡೆ. ಆಮೇಲೆ ಕ್ಲಾಂಪು ಮಾಡೋ ಕಂಪನಿಯವರು ದುಡ್ಡು ಹಿಡ್ಕೊಂಡು ಬಂದ್ರು."

"ಅರ್ಜಿ ಕೊಟ್ಟು ಹದಿನೆಂಟು ವರ್ಷ ಆಯ್ತು. ಜರ್ಮನಿ ಕತೆ ಹೇಳೋಕೆ ಬಾಯಿ ಇತ್ತಲ್ಲ ನಿನಗೆ. ತಂತಾಗೆ ನನ್ನನ್ನ ಕರ್ಕೊಂಡು ಹೋಗ್ವಾಗ ಆ ಬಾಯಿ ಎಲ್ಲಿ ಹೋಗಿತ್ತು?"

ಆಕೆ ದೂರನ್ನು ಅಪ್ಪನ ಮುಂದೆ ಸರಿಸಿ, ಲೇಖನಿಯ ಮುಚ್ಚಳ ತೆಗೆದು ಕೈಗೆ ಕೊಟ್ಟಳು. "ಇಲ್ಲಿ ಸಹಿ ಹಾಕಿ ಅಪ್ಪ. ನಿಮ್ಮ ಹೆಸರು ನಿಮಗೆ ವಾಪಸ್ ಬರುತ್ತೆ."

ಉಸ್ತಾ ಲೇಖನಿಯನ್ನು ಕೆಳಗಿಟ್ಟ. ಆಮೇಲೆ ಮಗಳ ಕಡೆ ನೋಡಿದ, ಆ ನೋಟದಲ್ಲಿ ಸಿಟ್ಟಿತ್ತು.

"ಐದು ಜನ ಇದ್ರು ಅಂದ್ಯಲ್ಲ. ಒಬ್ಬನನ್ನಾದ್ರೂ ತರಕ್ಕಾಗ್ಲಿಲ್ವಾ ನಿನಗೆ?"

ಆಕೆಗೆ ಮೊದಲು ಅರ್ಥವಾಗಲಿಲ್ಲ.

"ಆ ಕ್ಲಾಂಪು ಮುಟ್ಟಿದ ದಿನವೇ ನನಗೆ ಗೊತ್ತಾಯ್ತು," ಎಂದ ಉಸ್ತಾ. "ಅದರ ಒಳಗಿನ ಎಡಕ್ಕೆ ಸುತ್ತೋ ತಿರುಪು ನಕ್ಷೇಲಿ ಬರೆದಿರ್ಲಿಲ್ಲ, ಇವನನ್ನ ಬಿಟ್ರೆ ಯಾರೂ ಕಂಡಿರ್ಲಿಲ್ಲ. ನೀನು ಹೋಗ್ತೀಯ, ಯಾವನೋ ಸತ್ತವನದ್ದೋ ಇಂಜಿನಿಯರದ್ದೋ ಹೆಸರು ತಂದು ಕಳ್ಳ ಅವನೇ ಅಂತೀಯ, ನಾನು ನಂಬ್ಕೊಂಡು ಸಾಯ್ತೀನಿ ಅಂತಿದ್ದೆ. ಊರವರ ಹೆಸರೆಲ್ಲ ತೊಳೀತೀಯ. ತಮ್ಮನದೊಂದು ಆಗ್ಲಿಲ್ವಾ?"

"ಮತ್ತೆ ನಿಮ್ಮ ಕೆಲಸ, ಅಪ್ಪ? ನಿಮ್ಮ ಹೆಸರು?"

"ಇದೆಯಲ್ಲ." ಮುದುಕ ನಡುಗುವ ಬೆರಳನ್ನು ಕಾಗದದ ಮೇಲೆ ಆಡಿಸಿ ಅಂದಾಜಿನಲ್ಲೇ ಜಾಗ ತೋರಿಸಿದ. "ಶಾಬಾನ್, ಆಮೇಲೆ ಅತಿಯ. ಅವನ ಬೆನ್ನಿಗೆ ನಾನೇ ನಿಂತಿದೀನಿ, ನನ್ನ ಬೆನ್ನಿಗೆ ನನ್ನಪ್ಪ. ಇಷ್ಟು ಸಾಕು ನನಗೆ. ನನ್ನಪ್ಪನ ಹೆಸರಿಟ್ಟ ಹುಡುಗನ್ನ ನಾನು ಕಚೇರಿಗೆ ಎಳೆಯಲ್ಲ."

ಶಾಬಾನ್ ಅಳುತ್ತಿದ್ದ. ಅಪ್ಪ ಪಾತ್ರೆಗೆ ಕೈ ಹಾಕಿ, ಬಾತುಕೋಳಿಯ ತೊಡೆ ಮುರಿದು ಅವನ ಮುಂದೆ ಇಟ್ಟ.

ಅದನ್ನು ನೋಡುತ್ತ ನಿಂತವಳಿಗೆ ತಮ್ಮನ ಮೋಸ ಚಿಕ್ಕದೆನ್ನಿಸಿತು. ಅವನು ನಕ್ಷೆ ಕದ್ದಿದ್ದ. ಈ ಮನುಷ್ಯ ಗೊತ್ತಿದ್ದೂ ಗೊತ್ತಿದ್ದೂ ಆಕೆಯನ್ನು ಊರೂರು ಅಲೆಸಿದ್ದ, ಆಕೆ ಸುಳ್ಳು ತರುತ್ತಾಳೆಂದು ಬಾಗಿಲಲ್ಲಿ ಕಾದಿದ್ದ, ನಿಜ ತಂದದ್ದಕ್ಕೆ ಈಗ ಬೈಯುತ್ತಿದ್ದ.

"ನನ್ನ ಹೆಸರು ಅವಾತಿಫ್ ಅತಿಯ ಶಾಬಾನ್ ಬದವಿ," ಎಂದಳು. ದನಿ ಏರಲಿಲ್ಲ. "ನನ್ನ ಬೆನ್ನಿಗೂ ನೀವೇ ಇರ್ಬೇಕಿತ್ತು, ಅಪ್ಪ."

ಉಸ್ತಾ ರೊಟ್ಟಿ ಎಲ್ಲಿ ಎಂದು ಕೇಳಿದ.