ಬಡ್ತಿ ತೊಳೆದವರು

"ಸಹಿ ಹಾಕೋಕೆ ಕೈಗೇನು ಬಂದಿದೆ ಮೇಡಂ ನಿಮಗೆ?" ಗುಮಾಸ್ತ ಬಿಸಿರಿಯು ಕಾಗದವನ್ನು ಮತ್ತೆ ಮೇಜಿನ ಮೇಲೆ ಮುಂದಕ್ಕೆ ತಳ್ಳಿದ.

"ನನ್ನ ಕೈ ಚೆನ್ನಾಗೇ ಇದೆ. ರೋಗ ಬಂದಿರೋದು ನಿನ್ನ ಕಾಗದಕ್ಕೆ," ಎಂದಳು ಮೊರೆನಿಕೆ.

ಇವೋ ಪಟ್ಟಣದ ಶಿಕ್ಷಣ ಕಚೇರಿಯಲ್ಲಿ ಕರೆಂಟ್ ಹೋಗಿತ್ತು. ಹೊರಗೆ ಜನರೇಟರ್ ಅರಚುತ್ತಿತ್ತಾದರೂ ಅದರ ಕರೆಂಟೆಲ್ಲ ಸಾಹೇಬರ ಕೋಣೆಯ ಫ್ಯಾನಿಗೇ. ಮೊರೆನಿಕೆಯ ಬ್ಲೌಸು ಬೆನ್ನಿಗೆ ಅಂಟಿಕೊಂಡಿತ್ತು. ಅವಳು ಮುಖ್ಯೋಪಾಧ್ಯಾಯಿನಿಯಾಗಿ ಮೂರು ವರ್ಷವಾಗಿದೆ. ಶಾಲೆಯ ಬೋರ್ಡಿನ ಮೇಲೆ ಹೆಸರು ಬಂತು, ಚರ್ಚಿನವರು ಅವಳು ಕೊಡಬೇಕಾದ ಸುಗ್ಗಿ ಹಬ್ಬದ ಕಾಣಿಕೆಯನ್ನು ಇಮ್ಮಡಿ ಮಾಡಿದರು, ಸಂಬಳ ಮಾತ್ರ ಹಳೇ ಟೀಚರ್ ಕೆಲಸದ್ದೇ. ಈಗ ಸರ್ಕಾರ ಕಣ್ಣು ಬಿಟ್ಟಿದೆ. ಈ ತಿಂಗಳಿಂದ ಹೊಸ ಸಂಬಳ ಕೊಡುತ್ತಾರಂತೆ, ಆದರೆ ಹಿಂದಿನ ಬಾಕಿ ಕೇಳುವುದಿಲ್ಲ ಎಂದು ಬರೆದುಕೊಡಬೇಕಂತೆ. ಜೊತೆಗೆ ಬಡ್ತಿ ಪಡೆದವರಲ್ಲಿ ಒಬ್ಬರು ಸಹಿ ಹಾಕದೆ ಉಳಿದರೂ ಯಾರ ಫೈಲೂ ಮೇಲಕ್ಕೆ ಹೋಗದು. ಉಳಿದಿರುವವಳು ಇವಳೊಬ್ಬಳೇ.

"ಬಡ್ತಿ ಬೇಡ ಅಂದಿದ್ರಾ ಆವತ್ತು? ಊರು ಕರೆದು ತೊಳೆದ್ರಿ. ನಾನೇ ಬಂದು ಉಂಡಿದೀನಿ," ಎಂದ ಬಿಸಿರಿಯು.

ಬಡ್ತಿ ಬಂದರೆ ಅದನ್ನು ಅನ್ನ, ಮಾಂಸ, ಪಾನೀಯ ಹಾಕಿ ತೊಳೆಯಲೇಬೇಕು. ಹಣ ಕೈಗೆ ಬರಲಿ ಅಂತ ಕಾದರೆ ಜಿಪುಣಿ ಅನ್ನುತ್ತಾರೆ.

"ಉಂಡದ್ದು ಎರಡು ತಟ್ಟೆ. ಹೆಂಡತಿಗೆ ಅಂತ ಕಟ್ಟಿಸಿಕೊಂಡು ಹೋಗಿದ್ದು ಬೇರೆ. ಆವತ್ತು ಕಡಿದ ಮೇಕೆ ಸಾಲ ಇನ್ನೂ ಸಂಬಳದಲ್ಲಿ ಮುರಿತಾ ಇದಾರೆ, ಗೊತ್ತಾ?"

ಗೋಡೆಯ ಬೆಂಚಿನ ಮೇಲೆ ಕುಳಿತಿದ್ದ ಅಜಗ್ಬೆ ಮೇಷ್ಟ್ರು ಕೆಮ್ಮಿದರು. ಮೊರೆನಿಕೆಗೆ ಅಕ್ಷರ ತಿದ್ದಿಸಿದವರು, ಅವಳ ಜೊತೆಯಲ್ಲೇ ಬಡ್ತಿ ಪಡೆದು ಹೋದ ವರ್ಷ ನಿವೃತ್ತರಾದವರು. ಈ ಫೈಲು ಮುಗಿಯುವ ತನಕ ಅವರಿಗೆ ಪಿಂಚಣಿ ಇಲ್ಲ. ಬೆಳಗ್ಗೆಯೇ ಸಹಿ ಹಾಕಿ ಕೊಟ್ಟಿದ್ದರು.

"ಹಾಕಮ್ಮಾ. ನನ್ನ ಮುಖ ನೋಡಿಯಾದರೂ ಹಾಕು."

"ನಿಮ್ಮ ಮುಖ ನೋಡಿದ್ರೇ ನನಗೆ ಸಿಟ್ಟು ಬರೋದು, ಬಾಬಾ!"

ಮುದುಕರು ಎದ್ದರು. ಗಂಜಿ ಹಾಕಿದ ನೀಲಿ ನಿಲುವಂಗಿಯ ತೋಳುಗಳನ್ನು ಮೇಲೆತ್ತಿಕೊಂಡು, ಒಂದು ಮೊಣಕಾಲೂರಿ, ಆಮೇಲೆ ಎರಡೂ ಅಂಗೈ ಊರಿ, ಅವಳ ಚಪ್ಪಲಿಯ ಮುಂದೆ ಉದ್ದಕ್ಕೆ ಮಲಗಿದರು. ಕಿರಿಯರು ಹಿರಿಯರಿಗೆ ಹೀಗೆ ಅಡ್ಡಬೀಳಬೇಕು. ಹಿರಿಯರೇ ಬಿದ್ದರೆ ಕಿರಿಯರ ಬಾಳು ಏಳಿಗೆಯಾಗದು ಎಂದು ಮೊಲೆಹಾಲಿನ ಜೊತೆಗೇ ಕಲಿತವಳು ಮೊರೆನಿಕೆ.

"ಅಯ್ಯೋ! ನೋಡಿ ಮೇಡಂ, ಹಿರಿಯರನ್ನ ನೆಲಕ್ಕಿಳಿಸಿದ್ರಿ," ಎಂದು ಬಿಸಿರಿಯು ಪೆನ್ನನ್ನು ಮುಂದೆ ಹಿಡಿದ.

"ನಾನಲ್ಲವೋ ಇಳಿಸಿದ್ದು!"

ಅವಳು ಪೆನ್ನು ಮುಟ್ಟಲಿಲ್ಲ. ದಡಕ್ಕನೆ ಮಂಡಿಯೂರಿ ಮೇಷ್ಟ್ರ ಭುಜ ಹಿಡಿದಳು.

"ಏಳಿ ಬಾಬಾ. ನನ್ನನ್ನ ಕೊಲ್ಲಬೇಡಿ. ಎರಡು ವರ್ಷ ಹೆಡ್ಮಾಸ್ತರಾಗಿದ್ರಿ. ಗಾಳಿಗೆ ಶಾಲೆ ತಗಡು ಹಾರಿದಾಗ ಆ ವಯಸ್ಸಲ್ಲಿ ಸೂರಿಗೆ ಹತ್ತಿದವರು ಯಾರು? ಆ ಕೆಲಸ ಮಾಡೇ ಇಲ್ಲ ಅಂತ ಬರೆದುಕೊಡ್ತೀರಾ?"

ಮೇಷ್ಟ್ರು ಏಳಲು ನೋಡಿದರು, ಸೊಂಟ ಒಪ್ಪಲಿಲ್ಲ. ಹೊರಳಿ, ಬೀರುವಿಗೆ ಒರಗಿ ನೆಲದ ಮೇಲೇ ಕುಳಿತರು. ಸ್ವಲ್ಪ ಹೊತ್ತು ಏದುಸಿರು ಬಿಟ್ಟರು.

"ಬಿಸಿರಿಯು, ನನ್ನ ಕಾಗದ ಈಚೆ ಕೊಡು."

"ಅದು ಆಗಲೇ ಫೈಲಿಗೆ ಸೇರಿಹೋಯ್ತು, ಬಾಬಾ."

"ಸೇರಿಸಿದ ಕೈಯೇ ತೆಗೀಲಿ."

ಬಿಸಿರಿಯು ಸಾಹೇಬರ ಬಾಗಿಲ ಕಡೆ ನೋಡಿದ. ಮೇಷ್ಟ್ರು ಚಾಚಿದ ಕೈ ಹಿಂದೆಗೆಯಲಿಲ್ಲ. ಮೊರೆನಿಕೆ ಮಂಡಿಯೂರಿದಲ್ಲೇ ಅವರ ಇನ್ನೊಂದು ತೋಳಿನ ಧೂಳನ್ನು ಮೆಲ್ಲಗೆ ಕೊಡವತೊಡಗಿದಳು.