ಭಟ್ಟಿ ಕೊಡಿಸಿದ ಗುಬ್ಬಚ್ಚಿ

ನಮ್ಮ ಬ್ರೆಡ್ ಅಂಗಡಿಯಲ್ಲಿ ಭಟ್ಟಿಯ ಮುಂದೆ ನಿಲ್ಲುವ ಹಕ್ಕು ಬರುವುದು ಕೈ ಸುಟ್ಟುಕೊಂಡ ಮೇಲೆ. ಇದು ಅಪ್ಪನ ಕಾನೂನು. ಅಪ್ಪನ ಎರಡೂ ಮುಂಗೈ ತುಂಬ ಸುಟ್ಟ ಕಲೆಗಳು. ಗಿರಾಕಿ ಸಿಕ್ಕರೆ ಸಾಕು, ಅಂಗಿಯ ತೋಳು ಮಡಚಿ ಒಂದೊಂದರ ಚರಿತ್ರೆ ಹೇಳುತ್ತಾರೆ. ನನಗೋ ಮೊದಲಿಂದಲೂ ಜಾಗ್ರತೆ ಜಾಸ್ತಿ, ಅದೇ ನನಗೆ ಮುಳುವಾಯಿತು. ಹಿಟ್ಟು ನಾದುವುದು ನಾನು, ಉಬ್ಬಿದೆಯೋ ಇಲ್ಲವೋ ಎಂದು ಬೆರಳೊತ್ತಿ ನೋಡುವುದು ನಾನು, ಭಟ್ಟಿಗೆ ಹಾಕುವುದು ಮಾತ್ರ ಅಪ್ಪ. ಹೊರಗೆ ಕರಕಲು, ಒಳಗೆ ಹಸಿಹಸಿ ಬ್ರೆಡ್ ತೆಗೆದು, "ನೀನು ಸರಿಯಾಗಿ ನಾದಿಲ್ಲ" ಎನ್ನುತ್ತಿದ್ದರು. ನನಗೆ ಮೈಯೆಲ್ಲ ಉರಿಯುತ್ತಿತ್ತು, ಆದರೆ ಆ ಉರಿಗೆ ಕಲೆ ಬೀಳುವುದಿಲ್ಲವಲ್ಲ.

ಒಂದು ದಿನ ಬೆಳಗಿನ ಕೆಲಸ ಮುಗಿಸಿ, ಅದೇ ಸಿಟ್ಟಿನಲ್ಲಿ ಹೋಗಿ ಹಚ್ಚೆ ಹಾಕಿಸಿಕೊಂಡೆ. ಎಡ ಮುಂಗೈ ಮೇಲೆ ಒಂದು ಗುಬ್ಬಚ್ಚಿ. ಈ ಮೈಗೆ ಹಿಟ್ಟು ಬಿಟ್ಟು ಬೇರೇನಾದರೂ ಅಂಟಲಿ ಅನ್ನಿಸಿತ್ತು, ಅಷ್ಟೆ. ರೆಕ್ಕೆಯ ಒಂದೊಂದು ಗರಿಯೂ ಎಣಿಸುವ ಹಾಗೆ ಬಂದಿತ್ತು. ಹಚ್ಚೆಯವಳು ಬ್ಯಾಂಡೇಜ್ ಸುತ್ತಿ ಪಾಠ ಶುರು ಮಾಡಿದಳು.

"ಸಂಜೆ ಇದನ್ನ ತೆಗೆದುಬಿಡಿ. ಉಗುರುಬೆಚ್ಚಗಿನ ನೀರಲ್ಲಿ ಮೆತ್ತಗೆ ತೊಳೆದು, ಮುಲಾಮು ತೆಳ್ಳಗೆ ಹಚ್ಚಿ. ಆಮೇಲೆ ಗಾಳಿಯಾಡ್ಲಿ. ಹಕ್ಕಳೆ ಕೀಳ್ಬೇಡಿ. ಬೆವರು, ಬಿಸಿ ಎರಡೂ ಆಗಲ್ಲ. ಏನ್ ಕೆಲಸ ನಿಮ್ದು?"

"ಬ್ರೆಡ್ ಅಂಗಡಿ."

"ಅಯ್ಯೋ, ಭಟ್ಟಿ ಹತ್ರ ಹೋಗ್ಬೇಡಿ ಮತ್ತೆ."

"ಆ ಭಯ ಬೇಡ ಬಿಡಿ," ಎಂದೆ. "ನಮ್ಮಪ್ಪ ಬಿಟ್ರೆ ತಾನೆ!"

ವಾಪಸ್ ಬಂದಾಗ ಅಪ್ಪ ಅಂಗಡಿಯ ಬಾಗಿಲಲ್ಲೇ ನಿಂತಿದ್ದರು. ಬ್ಯಾಂಡೇಜ್ ಕಂಡಿದ್ದೇ ತಡ, ಮುಖ ಅರಳಿತು. ನನ್ನ ಮದುವೆ ನಿಶ್ಚಯವಾಗಿದ್ದರೂ ಅಷ್ಟು ಅರಳುತ್ತಿರಲಿಲ್ಲ.

"ಸುಟ್ಕೊಂಡ್ಯಾ?"

ಇಲ್ಲ ಎನ್ನಲು ಬಾಯಿ ತೆರೆದೆ.

"ಬೆಳಗ್ಗೆ ಟ್ರೇ ತಾಗಿರ್ಬೇಕು. ಹೇಳೋದಲ್ವೇನೇ! ಆಯ್ತು, ನಾಳೆಯಿಂದ ಭಟ್ಟಿ ನಿಂದು."

ತೆರೆದ ಬಾಯಿಂದ ಬಂದದ್ದು "ಹೂಂ ಅಪ್ಪ." ಇಷ್ಟು ವರ್ಷ ಅಂಗಲಾಚಿದರೂ ಸಿಗದ್ದು ಒಂದು ತುಂಡು ಬಟ್ಟೆಗೆ ಸಿಕ್ಕರೆ ಯಾರು ಬಿಡುತ್ತಾರೆ?

ಬ್ಯಾಂಡೇಜ್ ತೆಗೆದರೆ ಗುಬ್ಬಚ್ಚಿ ಕಾಣುತ್ತದೆ, ಗುಬ್ಬಚ್ಚಿ ಕಂಡರೆ ಭಟ್ಟಿ ಹೋಗುತ್ತದೆ. ಹಾಗಾಗಿ ತೆಗೆಯಲಿಲ್ಲ. ಕದ್ದುಮುಚ್ಚಿ ಬಿಚ್ಚಿ ತೊಳೆಯೋಣವೆಂದರೆ ಅದಕ್ಕೂ ದಾರಿಯಿಲ್ಲ. ಅಪ್ಪ ದಿನಾ ಬೆಳಗ್ಗೆ ಅದರ ಮೇಲೇ ಇನ್ನೊಂದು ಸುತ್ತು ಪಟ್ಟಿ ಸುತ್ತಿ, ಹಿಟ್ಟಿನ ಮೂಟೆಗೆ ಹಾಕುವ ಗಂಟು ಹಾಕುತ್ತಿದ್ದರು. ಆ ಗಂಟು ಅವರೊಬ್ಬರಿಗೇ ಬರುವುದು. "ಬಿಚ್ಬೇಡ, ಗಾಳಿ ತಗುಲಿದ್ರೆ ಕೀವಾಗತ್ತೆ," ಎಂದು ಊದಿ ಊದಿ ಕಟ್ಟುತ್ತಿದ್ದರು. ಚಿಕ್ಕವಳಿದ್ದಾಗ ಜ್ವರ ಬಂದರೂ ನನ್ನ ಹಣೆ ಮುಟ್ಟಿ ನೋಡಿದ ಮನುಷ್ಯರಲ್ಲ. ಆ ಮುದ್ದು ನನಗೆ ಹಿತವಾಗಿತ್ತು, ಸುಳ್ಳೇಕೆ ಹೇಳಲಿ.

ಬ್ರೆಡ್ಡೂ ಚೆನ್ನಾಗಿ ಬರತೊಡಗಿತು. ನಾನು ಮಾಡಿದ್ದಿಷ್ಟೆ: ಉರಿ ಕಡಿಮೆ ಮಾಡಿದೆ, ಅರ್ಧ ಬೆಂದಾಗ ಟ್ರೇ ತಿರುಗಿಸಿದೆ. ಇದನ್ನೇ ಎಷ್ಟೋ ಸಲ ಬಾಯಿಬಿಟ್ಟು ಹೇಳಿದ್ದೆ. ಅಪ್ಪ ಗಿರಾಕಿಗಳಿಗೆ ಹೇಳುತ್ತಿದ್ದುದು ಬೇರೆಯೇ.

"ಸುಟ್ಟ ಮೇಲೆ ನೋಡಿ, ಕೈಗೆ ಬುದ್ಧಿ ಬಂತು."

ಗುಟ್ಟು ಮೊದಲು ಗೊತ್ತಾದದ್ದು ಅಮ್ಮನಿಗೆ, ದಿಂಬಿನ ಕವರ್ ಒಗೆಯುವಾಗ.

"ಸುಟ್ಟ ಗಾಯದಲ್ಲಿ ಶಾಯಿ ಸೋರುತ್ತೇನೇ?"

ಎಲ್ಲ ಹೇಳಿಬಿಟ್ಟೆ. ಅಮ್ಮ ನಕ್ಕೂ ನಕ್ಕೂ ಅಲ್ಲೇ ಕುಕ್ಕರಿಸಿದಳು. "ಸುಮ್ನಿರು. ನಿಮ್ಮಪ್ಪ ಖುಷಿಯಾಗಿದಾರೆ, ನಮಗೂ ಬೆಂದಿರೋ ಬ್ರೆಡ್ ತಿನ್ನೋ ಯೋಗ ಬಂದಿದೆ."

ಒಳಗೆ ತುರಿಕೆ ಹೆಚ್ಚಾಯಿತು, ಆಮೇಲೆ ವಾಸನೆ. ತಡೆಯಲಾರದೆ ಕತ್ತರಿ ಹಾಕಿದೆ. ಬೆವರಲ್ಲಿ ನೆನೆದು ಚರ್ಮ ಬಿಳಿಚಿಕೊಂಡಿತ್ತು, ಹಕ್ಕಳೆ ಪಟ್ಟಿಯ ಜೊತೆಗೇ ಕಿತ್ತು ಬಂತು. ಕೊಕ್ಕಿಲ್ಲ, ರೆಕ್ಕೆಯಿಲ್ಲ. ಕೂತು ಅತ್ತೆ. ಆಮೇಲೆ ಡಾಕ್ಟರು ಕೊಟ್ಟ ಮಾತ್ರೆ ನುಂಗಿದೆ, ಹಚ್ಚೆಯವಳು ಹೇಳಿದ್ದನ್ನೆಲ್ಲ ಭಕ್ತಿಯಿಂದ ಮಾಡಿದೆ. ಬಿಚ್ಚಿದ ಗಾಯ ಅಪ್ಪನ ಕಣ್ಣಿಗೂ ಸುಟ್ಟದ್ದರ ಹಾಗೇ ಕಂಡಿತು. ಗಾಯ ಮಾಯಿತು. ಉಳಿದದ್ದು ಅಂಚು ಸುಕ್ಕುಗಟ್ಟಿದ ಒಂದು ಕಪ್ಪು ಕಲೆ.

ಮೊನ್ನೆ ಮೂಲೆಮನೆಯ ಮೇಷ್ಟ್ರು ಬ್ರೆಡ್ ಒತ್ತಿ ನೋಡಿ, "ಯಾರ ಕೈಗುಣ ಇದು?" ಎಂದರು. ಅಪ್ಪ ಒಂದೇ ಒಂದು ಸಲ "ನನ್ನ ಮಗಳದ್ದು" ಎಂದು ಅಲ್ಲಿಗೇ ನಿಲ್ಲಿಸಲಿ ಎಂದು ಕಾದೆ. ಅಪ್ಪ ನನ್ನ ತೋಳು ಎತ್ತಿ ಕಲೆ ತೋರಿಸಿದರು. ನನಗೆ ರೇಗಿತು. ಭಟ್ಟಿ ಹೋದರೆ ಹೋಗಲಿ.

"ಅಪ್ಪ, ನಾನು ಸುಟ್ಕೊಂಡೇ ಇಲ್ಲ. ಇದು ಟ್ಯಾಟೂ. ಗುಬ್ಬಚ್ಚಿ."

ಅಪ್ಪ ಕನ್ನಡಕ ಹಾಕಿಕೊಂಡರು. ನನ್ನ ಕೈಯನ್ನು ಬೆಳಕಿಗೆ ಹಿಡಿದು, ಹಿಂದೆ ಮುಂದೆ ತಿರುಗಿಸಿ, ಹೆಬ್ಬೆರಳಿನಿಂದ ಸವರಿ ನೋಡಿದರು. ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು.

"ಗುಬ್ಬಚ್ಚಿಯಂತೆ! ಇದ್ರಲ್ಲಿ ನಾಚ್ಕೊಳ್ಳೋದೇನಿದೆ ಪುಟ್ಟಿ, ಎಲ್ರಿಗೂ ಸುಡತ್ತೆ."

"ಬೇಕಾದ್ರೆ ಅಮ್ಮನ್ನ ಕೇಳಿ!"

ಅಮ್ಮ ಬ್ರೆಡ್ಡಿಗೆ ಕಾಗದ ಸುತ್ತುತ್ತಿದ್ದಳು. ನನ್ನನ್ನು ನೋಡಿದಳು, ಭಟ್ಟಿ ನೋಡಿದಳು.

"ಸುಟ್ಟಿದ್ದೇ ಕಣ್ರೀ," ಎಂದಳು.

"ನೀವೇ ಹೇಳಿ ಮೇಷ್ಟ್ರೇ," ಎಂದರು ಅಪ್ಪ, "ಸುಟ್ಕೊಳ್ದೆ ಇಂಥ ಬ್ರೆಡ್ ಮಾಡೋಕೆ ಯಾರಿಗಾದ್ರೂ ಬರತ್ತಾ?"

ಮೇಷ್ಟ್ರು ನನ್ನ ಕಲೆಯನ್ನೊಮ್ಮೆ, ಕೈಲಿದ್ದ ಬ್ರೆಡ್ಡನ್ನೊಮ್ಮೆ ನೋಡಿದರು.

"ಎಲ್ಲಿ ಬರತ್ತೆ ಬಿಡಿ," ಎಂದರು. "ಇನ್ನೊಂದು ಕೊಡಮ್ಮ."