ಬೀಳದ ಮಾರ್ಷಲ್

"ಕೈ ಚಾಚಬೇಡಿ ಅಂತ ಎಷ್ಟು ಸಲ ಬಡ್ಕೊಳ್ಲಿ! ಕೈ ಊರಿದ್ರೆ ಮಣಿಕಟ್ಟು ಮುರೀತು ಅಂತಲೇ ಇಟ್ಕೊಳ್ಳಿ. ಗದ್ದ ಎದೆಗೆ ಒತ್ತಿ, ಉಸಿರು ಬಿಡಿ, ಕುಂಡಿ ಮೊದಲು ನೆಲಕ್ಕೆ ಹೋಗ್ಲಿ."

"ನನ್ನ ಕುಂಡಿಗೆ ಎಂಬತ್ತೊಂದು ವರ್ಷ ಕಣಪ್ಪ, ಅದಕ್ಕೇನೂ ಅವಸರ ಇಲ್ಲ," ಅಂದಳು ಬರ್ನೀಸ್. ಅಂದವಳೇ ಚೆನ್ನಾಗಿಯೇ ಬಿದ್ದಳು.

ರಿಸೀಡಾ ಎಂಬ ಬಡಾವಣೆಯ ಸಮುದಾಯ ಭವನದಲ್ಲಿ ಮಂಗಳವಾರ ಬೆಳಿಗ್ಗೆ ಹತ್ತಕ್ಕೆ ನಡೆಯುವ ಪಾಠ ಇದೊಂದೇ, ಬೀಳುವುದು. ವಯಸ್ಸಾದವರು ಒಂದಲ್ಲ ಒಂದು ದಿನ ಬೀಳುತ್ತಾರೆ, ಅದು ಯಾರ ಕೈಯಲ್ಲೂ ಇಲ್ಲ. ಬಿದ್ದಾಗ ಸೊಂಟ ಉಳಿದರೆ ಸಾಕು. ಹೇಳಿಕೊಡುತ್ತಿದ್ದವನು ಡೆಲ್ಬರ್ಟ್ ಪ್ರೂಯಿಟ್, ಎಲ್ಲರ ಬಾಯಲ್ಲಿ ಡೆಲ್. ಅರವತ್ತಾರು ವರ್ಷ, ಕಡ್ಡಿಯಂಥ ಆಳು, ಹೆಂಡತಿ ತೀರಿಕೊಂಡು ಒಂಬತ್ತು ವರ್ಷ. ಮೊದಲು ಏನು ಮಾಡುತ್ತಿದ್ದೆ ಎಂದು ಯಾರಾದರೂ ಕೇಳಿದರೆ "ಶೂಟಿಂಗ್‌ನವರ ಕುದುರೆ ನೋಡ್ಕೋತಿದ್ದೆ" ಎನ್ನುತ್ತಿದ್ದ. ಅದು ಪೂರ್ತಿ ಸುಳ್ಳೇನಲ್ಲ.

ಬರ್ನೀಸ್ ಇನ್ನೂ ನೆಲದ ಮೇಲಿರುವಾಗಲೇ ಬಾಗಿಲು ತೆರೆಯಿತು. ಎತ್ತರದ ಮುದುಕನೊಬ್ಬ ಒಂದು ಕೈಯಲ್ಲಿ ಊರುಗೋಲು, ಇನ್ನೊಂದರಲ್ಲಿ ಹ್ಯಾಟು ಹಿಡಿದು ಒಳಗೆ ಬಂದ.

"ಅಯ್ಯೋ ದೇವರೇ, ಮಾರ್ಷಲ್ ಟ್ರೇಗರ್!" ಎಂದು ಬರ್ನೀಸ್ ಬಿದ್ದಲ್ಲಿಂದಲೇ ಕೂಗಿದಳು.

ಎಂಟು ವರ್ಷ, ಪ್ರತಿ ಶನಿವಾರ ಸಂಜೆ, ದೇಶಕ್ಕೆ ದೇಶವೇ ಟಿ.ವಿ. ಮುಂದೆ ಕೂತು ನೋಡಿದ ಕುದುರೆ-ಪಿಸ್ತೂಲಿನ ಧಾರಾವಾಹಿಯ ನಾಯಕ ಈ ಮಾರ್ಷಲ್ ಟ್ರೇಗರ್, ಊರಿನ ಕಳ್ಳಕಾಕರನ್ನು ಹಿಡಿಯುವ ಅಧಿಕಾರಿ. ಧಾರಾವಾಹಿ ಸಾವಿರದ ಒಂಬೈನೂರ ಅರವತ್ತಾರರಲ್ಲಿ ನಿಂತಿತು. ನಿಂತ ಮೇಲೆ ಒಬ್ಬೊಬ್ಬರು ಒಂದೊಂದು ದಿಕ್ಕು. ಮಾರ್ಷಲ್ಲನ ಬಂಟನಾಗಿದ್ದವನು ಶ್ರೀಮಂತರ ಹಿತ್ತಲಲ್ಲಿ ಈಜುಕೊಳ ತೋಡಿಸುವ ಕೆಲಸ ಹಿಡಿದ. ಹೆಂಡದಂಗಡಿಯ ಚೆಲುವೆಯಾಗಿದ್ದವಳು ನಾಯಿಗಳಿಗೆ ಸ್ನಾನ ಮಾಡಿಸಿ ಕೂದಲು ಕತ್ತರಿಸತೊಡಗಿದಳು. ವಾರ ಬಿಟ್ಟು ವಾರ ಊರಿಗೆ ಬೆಂಕಿಯಿಡುತ್ತಿದ್ದ ಖಳನಾಯಕ ಬೇಕರ್ಸ್‌ಫೀಲ್ಡಿನಲ್ಲಿ ಚರ್ಚಿನ ಹಿರಿಯನಾದ, ಪಾಪ, ಒಳ್ಳೆಯ ಮನುಷ್ಯ. ಇನ್ನು ಮಾರ್ಷಲ್ಲನಾಗಿದ್ದ ವಾರ್ಡ್ ಹಾಲಿಸ್ಟರ್ ಎದೆಗೆ ಅದೇ ತಗಡಿನ ನಕ್ಷತ್ರ ಚುಚ್ಚಿಕೊಂಡು ಕಾರಿನಂಗಡಿ, ಸೋಫಾ ಅಂಗಡಿಗಳ ಟೇಪು ಕತ್ತರಿಸಿದ. ಕೆಲವು ವರ್ಷಗಳ ಮೇಲೆ ಅದಕ್ಕೂ ಯಾರೂ ಕರೆಯಲಿಲ್ಲ.

ಆದರೆ ಆ ಎಂಟು ವರ್ಷ ಮಾರ್ಷಲ್ ಕುದುರೆಯಿಂದ, ಮಾಳಿಗೆಯಿಂದ, ಓಡುವ ಗಾಡಿಯಿಂದ ಬಿದ್ದಾಗಲೆಲ್ಲ ನಿಜವಾಗಿ ಬಿದ್ದವನು ಡೆಲ್. ಅದೇ ಹ್ಯಾಟು, ಅದೇ ಕೋಟು ತೊಟ್ಟು ಕ್ಯಾಮೆರಾಕ್ಕೆ ಬೆನ್ನು ಮಾಡಿ ಬೀಳುವುದು, ಮುಖ ಕಾಣದಂತೆ ಬೋರಲು ಮಲಗುವುದು. 'ಕಟ್' ಎಂದಕೂಡಲೇ ಪಕ್ಕಕ್ಕೆ ಉರುಳುವುದು. ಆಮೇಲೆ ವಾರ್ಡ್ ನಡೆದುಬಂದು ಧೂಳಿನಲ್ಲಿ ಡೆಲ್ ಬಿದ್ದು ಆದ ಗುಂಡಿಯಲ್ಲೇ ಮಲಗುವನು. ಕ್ಯಾಮೆರಾ ಹತ್ತಿರ ಬರುವುದು, ಅವನು ಮುಖವೆತ್ತುವನು, ಮನೆಮನೆಯಲ್ಲೂ ಹೆಂಗಸರು 'ಅಯ್ಯೋ' ಎನ್ನುವರು. ಹಾಲಿಸ್ಟರ್ ತಾನೇ ಬೀಳುತ್ತಾನೆಂದು ಕಂಪನಿಯವರು ಪತ್ರಿಕೆಗಳಿಗೆ ಹೇಳಿಬಿಟ್ಟಿದ್ದರು. ಎಲ್ಲೂ ಬಾಯಿ ಬಿಡುವುದಿಲ್ಲವೆಂದು ಡೆಲ್ ಕೈಯಲ್ಲಿ ಬರೆಸಿಕೊಂಡಿದ್ದರು. ಅವನು ಹೆಂಡತಿಗೆ ಬಿಟ್ಟರೆ ಯಾರಿಗೂ ಹೇಳಿರಲಿಲ್ಲ. ವಾರ್ಡ್ ಅಂತೂ ಅವನ ಹೆಸರನ್ನೂ ಕೇಳಿದವನಲ್ಲ.

"ನೀವು ಕುದುರೆಯಿಂದ ಬೀಳೋದು ನೋಡೋಕೇ ಶನಿವಾರ ನಮ್ಮನೇಲಿ ಬೇಗ ಊಟ ಮುಗೀತಿತ್ತು," ಅಂದಳು ಬರ್ನೀಸ್, ಡೆಲ್ ಕೈ ಹಿಡಿದು ಏಳುತ್ತ. "ನಿಮಗ್ಯಾಕೆ ಸ್ವಾಮಿ ಪಾಠ? ನೀವೇ ಈ ಡೆಲ್‌ಗೆ ಹೇಳ್ಕೊಡಿ!"

ವಾರ್ಡ್ ಹ್ಯಾಟಿನ ಅಂಚನ್ನು ಒಂದು ಸುತ್ತು ತಿರುಗಿಸಿದ. "ವಯಸ್ಸಾಯ್ತಲ್ಲಮ್ಮ. ಎಲ್ಲಾ ಮರ್ತೋಗಿದೆ," ಎಂದ. ಆಮೇಲೆ ಡೆಲ್ ಕೈ ಕುಲುಕಿದ. "ನಾನು ವಾರ್ಡ್ ಹಾಲಿಸ್ಟರ್, ಮೇಷ್ಟ್ರೇ."

"ಗೊತ್ತು," ಅಂದ ಡೆಲ್. ವಾರ್ಡ್‌ಗೆ ಅವನ ಗುರುತು ಸಿಗಲಿಲ್ಲ.

ಪಾಠ ಮುಗಿದ ಮೇಲೆ ಹೊರಗಿನ ಬೆಂಚಿನ ಮೇಲೆ ಕೂತು ಡೆಲ್‌ನ ಫ್ಲಾಸ್ಕಿನ ಕಾಫಿ ಕುಡಿಯುತ್ತ ವಾರ್ಡ್ ಇದ್ದದ್ದು ಹೇಳಿದ. ಈ ವರ್ಷ ಬಚ್ಚಲಲ್ಲಿ ಎರಡು ಸಲ ಬಿದ್ದಿದ್ದ. "ಇನ್ನೊಂದು ಸಲ ಬಿದ್ದು ಮೂಳೆ ಮುರ್ಕೊಂಡ್ರೆ ಮುಗೀತು. ಮಗಳು ಅವಳೂರು ಟೂಸಾನ್‌ಗೆ ಕರ್ಕೊಂಡು ಹೋಗಿ ಮುದುಕರ ಮನೆಗೆ ಸೇರಿಸ್ತಾಳೆ. ಜಾಗನೂ ನೋಡಿಟ್ಟಿದಾಳೆ. ಅಲ್ಲಿ ಯಾರಿದ್ದಾರೆ ನನಗೆ? ಇಲ್ಲಾದ್ರೆ ಹಾಲಿನಂಗಡಿಯೋನಾದ್ರೂ ಮಾರ್ಷಲ್ಲೇ ಅಂತಾನೆ."

ಡೆಲ್‌ಗೆ ಅವನ ಮೇಲೆ ಕನಿಕರವೂ ಬಂತು, ಸಿಟ್ಟೂ ಬಂತು. ಅವನಿಗೆ ಬೇಕಾದದ್ದು ಒಂದೇ ಮಾತು. ಈ ಮನುಷ್ಯ ಒಂದು ಸಲ ತನ್ನ ಕಡೆ ತಿರುಗಿ 'ನೀನಾ?' ಎನ್ನಬೇಕಿತ್ತು. ತಾನಾಗಿ ಬಾಯಿಬಿಟ್ಟು ಹೇಳಬಹುದಿತ್ತು, ಆದರೆ ಹೇಳಿ ನೆನಪು ಮಾಡಿಸಿಕೊಳ್ಳುವುದು ಅವನ ಜಾಯಮಾನವಲ್ಲ. ಅವನೇ ನೆನಪು ಮಾಡಿಕೊಳ್ಳಲಿ, ಎಂಟು ವರ್ಷ ಅಂದರೆ ಕಡಿಮೆಯೇ ಎಂದುಕೊಂಡ.

ಆರು ಮಂಗಳವಾರ ಕಳೆದವು. ಎರಡನೇ ವಾರದಿಂದ ಡೆಲ್ ಚೀಲದಲ್ಲಿ ಎರಡು ಲೋಟ ಇಟ್ಟುಕೊಂಡು ಬರತೊಡಗಿದ. ಬೆಂಚಿನ ಮೇಲೆ ವಾರ್ಡ್ ಹಳೆಯ ಕಥೆ ತೆಗೆಯುತ್ತಿದ್ದ. ಕಚ್ಚುವ ಕುದುರೆ, ಬೈಯುವ ನಿರ್ದೇಶಕ, ಹುರುಳಿಕಾಯಿಯನ್ನು ದಿನವೂ ಸೀಯಿಸುತ್ತಿದ್ದ ಅಡಿಗೆಯವನು, ಎಲ್ಲರೂ ಬಂದರು. ಡೆಲ್ ಮಾತ್ರ ಬರಲಿಲ್ಲ. ಮನೆಗೆ ಹೋಗಿ ಒಲೆಯ ಮುಂದೆ ನಿಂತುಕೊಂಡೇ ಬಾಣಲೆಯಿಂದ ಉಣ್ಣುವಾಗ ಅವನಿಗೆ ಅಳು ಬರುವಷ್ಟು ಸಿಟ್ಟು ಬರುತ್ತಿತ್ತು.

ಇತ್ತ ಬೀಳುವುದೂ ವಾರ್ಡ್‌ಗೆ ಬರಲಿಲ್ಲ. ಸೊಂಟ ಬಿಗಿಹಿಡಿದು, ಕೈ ಮುಂದೆ ಚಾಚಿ, ಕೊನೆಯ ಗಳಿಗೆಯಲ್ಲಿ ಡೆಲ್ ತೋಳಿಗೆ ಜೋತುಬೀಳುವನು. ಬರ್ನೀಸ್‌ಗೆ ಅನುಮಾನವೇ ಇಲ್ಲ. "ಬೇಕಂತ ಆಟ ಆಡ್ತೀರಾ ನೀವು, ನಮಗೆ ಬೇಜಾರಾಗಬಾರ್ದು ಅಂತ!" ಎನ್ನುವಳು.

ಏಳನೆಯ ಮಂಗಳವಾರ ವಾರ್ಡ್ ಬರುವಾಗಲೇ ಮುಖ ಬಾಡಿತ್ತು. "ಶುಕ್ರವಾರ ಮಗಳು ಬರ್ತಾಳೆ," ಅಂದ. "ಇವತ್ತು ಬೀಳೋದು ಬರಲಿಲ್ಲ ಅಂದ್ರೆ ಇನ್ಯಾವತ್ತೂ ಬರಲ್ಲ, ಮೇಷ್ಟ್ರೇ."

"ಒಂದ್ಸಲ ಆ ಗುಂಡು ತಗುಲಿ ಬೀಳೋದು ತೋರಿಸಿ, ಮಾರ್ಷಲ್ಲೇ!" ಎಂದು ಬರ್ನೀಸ್ ಶುರು ಮಾಡಿದಳು. "ಅರ್ಧ ತಿರುಗಿ ಬೀಳ್ತಿದ್ರಲ್ಲ, ಆಹಾ! ಒಂದೇ ಒಂದ್ಸಲ."

ಉಳಿದವರೂ ಚಪ್ಪಾಳೆ ತಟ್ಟಿದರು. ವಾರ್ಡ್ ಊರುಗೋಲನ್ನು ಎರಡೂ ಕೈಯಲ್ಲಿ ಹಿಡಿದು ನೆಲ ನೋಡುತ್ತ ನಿಂತ. ಆ ನಿಲುವು ಡೆಲ್‌ಗೆ ನೋಡಲಾಗಲಿಲ್ಲ. "ನಾನು ತೋರಿಸ್ತೀನಿ, ನೋಡ್ಕೊಳ್ಳಿ," ಎಂದು ವಾರ್ಡ್‌ನ ತಲೆಯ ಮೇಲಿನ ಹ್ಯಾಟು ಕಿತ್ತುಕೊಂಡು ತನ್ನ ತಲೆಗಿಟ್ಟು ಅವರಿಗೆಲ್ಲ ಬೆನ್ನು ಮಾಡಿ ನಿಂತ.

ಹಾಗೆ ಬಿದ್ದು ಇಪ್ಪತ್ತೆರಡು ವರ್ಷ ಆಗಿತ್ತು. ಎಡ ಭುಜ ಹಿಂದಕ್ಕೆ ಜಗ್ಗಿತು, ಮೈ ಅರ್ಧ ತಿರುಗಿತು, ಎಡ ಮಂಡಿ ಮಡಿಯಿತು, ತೊಡೆ, ಪಕ್ಕೆ, ಭುಜ ಒಂದಾದಮೇಲೊಂದು ಚಾಪೆಗೆ ತಾಗಿದವು. ಬೋರಲು ಮಲಗಿದ. ಅಭ್ಯಾಸಬಲ, 'ಕಟ್' ಎನ್ನುವವರೆಗೆ ಅಲ್ಲಾಡುವ ಹಾಗಿಲ್ಲ. ಪಕ್ಕೆ ಸಿಕ್ಕಾಪಟ್ಟೆ ನೋಯುತ್ತಿತ್ತು.

ಊರುಗೋಲಿನ ಟಕ್ ಟಕ್ ಹತ್ತಿರ ಬಂದು ನಿಂತಿತು. ಡೆಲ್ ಯೋಚಿಸದೆಯೇ ಪಕ್ಕಕ್ಕೆ ಉರುಳಿ ಜಾಗ ಬಿಟ್ಟ. ವಾರ್ಡ್ ಒಂದು ಮಂಡಿ ಊರಿದ, ಇನ್ನೊಂದು ಊರಿದ, ನರಳುತ್ತ ಆ ಜಾಗದಲ್ಲಿ ಬೋರಲಾಗಿ ಮುಖವನ್ನು ಡೆಲ್ ಕಡೆ ತಿರುಗಿಸಿದ.

"ನೀನಾ?" ಅಂದ.

ಡೆಲ್ ತಲೆಯಾಡಿಸಿದ.

"ಬರೀ ಬೆನ್ನೇ ನೋಡಿದ್ದು ನಾನು." ವಾರ್ಡ್ ದನಿ ತಗ್ಗಿಸಿದ. "ಅಲ್ಲಯ್ಯಾ, ಎಂಟು ವರ್ಷ ಆ ಮಣ್ಣಲ್ಲಿ ಮಲಗಿದೀನಿ, ಒಂದು ಕಲ್ಲೂ ಒತ್ತಿದ್ದಿಲ್ಲ. ಯಾರು ಆರಿಸ್ತಿದ್ರು?"

"ನಾನೇ. ಬೆಳಿಗ್ಗೆ ಬೇಗ ಹೋಗಿ."

"ನನಗೋಸ್ಕರಾನಾ?"

"ನನಗೋಸ್ಕರ. ಮೇಲಿಂದ ಬೀಳ್ತಿದ್ದೋನು ನಾನಲ್ವಾ?"

ವಾರ್ಡ್‌ಗೆ ನಗು ತಡೆಯಲಾಗಲಿಲ್ಲ, ಮೈಯೆಲ್ಲ ಕುಲುಕಿತು. "ಹೆಸರೇನಯ್ಯಾ ನಿಂದು, ಪೂರ್ತಿ?"

"ಡೆಲ್ಬರ್ಟ್ ಪ್ರೂಯಿಟ್."

"ಏನ್ರಪ್ಪಾ, ಇಬ್ಬರೂ ಒಟ್ಟಿಗೇ ಹೋಗ್ಬಿಟ್ರಾ?" ಎಂದು ಬರ್ನೀಸ್ ಬಗ್ಗಿ ನೋಡಿದಳು.

ವಾರ್ಡ್ ಎದ್ದು ಕೂತ. "ಬರ್ನೀಸ್, ನಾನು ಒಂದು ಸಲವೂ ಬಿದ್ದಿಲ್ಲ ಕಣಮ್ಮ. ನೀನು ಊಟ ಮುಗಿಸಿ ನೋಡಿದ್ದು ಇವನನ್ನ. ಡೆಲ್ಬರ್ಟ್ ಪ್ರೂಯಿಟ್." ಬರ್ನೀಸ್ ಡೆಲ್‌ನನ್ನು ತಲೆಯಿಂದ ಕಾಲಿನವರೆಗೆ ಎರಡು ಸಲ ನೋಡಿದಳು, ಆಮೇಲೆ ಚಪ್ಪಾಳೆ ತಟ್ಟಿದಳು.

ಅವತ್ತು ವಾರ್ಡ್ ನಾಲ್ಕು ಸಲ ಬಿದ್ದ. ಮೂರನೆಯ ಸಲಕ್ಕೆ ಕೈ ಮುಂದೆ ಹೋಗುವುದು ನಿಂತಿತ್ತು. ನಾಲ್ಕನೆಯದು ನಿಜಕ್ಕೂ ಚೆನ್ನಾಗಿತ್ತು. ಮುಂದಿನ ಮಂಗಳವಾರ ಪಾಠ ಆದಮೇಲೆ ಇಬ್ಬರೂ ಹಳೆಯ ಶೂಟಿಂಗ್ ಜಾಗಕ್ಕೆ ಹೋಗಿಬರುವುದೆಂದು ಬೆಂಚಿನ ಮೇಲೆ ಮಾತಾಯಿತು.

ಭಾನುವಾರ ಬೆಳಿಗ್ಗೆ ಡೆಲ್ ಮನೆಯ ಫೋನು ಹೊಡೆದುಕೊಂಡಿತು. ಅದು ಹೊಡೆದುಕೊಳ್ಳುವುದೇ ಅಪರೂಪ.

"ಡೆಲ್ಬರ್ಟ್! ಬಿದ್ದೆ ಕಣಯ್ಯಾ! ಅಡಿಗೆಮನೇಲಿ, ಮಗಳ ಕಣ್ಣೆದುರಿಗೇ ಬಿದ್ದು ತೋರಿಸಿದೆ. ಅರ್ಧ ತಿರುಗಿ! ಮೈಮೇಲೆ ಒಂದು ಗೀರಿಲ್ಲ!"

"ಭಲೇ!" ಎಂದು ಡೆಲ್ ನಕ್ಕ. "ಕೈ?"

"ಕೈ ಹೋಗ್ಲೇ ಇಲ್ಲ." ಆಮೇಲೆ ವಾರ್ಡ್‌ನ ದನಿ ಇಳಿಯಿತು. "ಅವಳು ಕಿಟಾರನೆ ಕಿರುಚ್ಕೊಂಡ್ಲು. ಅವಳ ಕೈಲಿದ್ದ ತಟ್ಟೆ ಒಡೆದುಹೋಯ್ತು. ಬೇಕಂತಲೇ ಬಿದ್ದಿದ್ದು ಮಗಳೇ ಅಂದೆ. ಬೇಕಂತ ಯಾರಪ್ಪ ಬೀಳ್ತಾರೆ ಅಂತಾಳೆ. ತಲೆನೂ ಕೆಟ್ಟಿದೆ ಅಂದ್ಕೊಂಡಿದಾಳೆ. ಈಗ ಒಳಗೆ ನನ್ನ ಬಟ್ಟೆ ಜೋಡಿಸ್ತಾ ಇದಾಳೆ."

ಡೆಲ್ ಫೋನಿನ ತಂತಿಯನ್ನು ಬೆರಳಿಗೆ ಸುತ್ತಿಕೊಂಡ. ನಾನು ಬಂದು ಹೇಳಲಾ ಎಂದು ಕೇಳಿದ. ಬೇಡ, ಹತ್ತಕ್ಕೆ ಹೊರಡ್ತೀವಿ, ಅವಳೂ ಅಳ್ತಾ ಇದಾಳೆ ಎಂದ ವಾರ್ಡ್.

"ಇಷ್ಟು ಚೆನ್ನಾಗಿ ಯಾಕಯ್ಯಾ ಹೇಳ್ಕೊಟ್ಟೆ?" ಎಂದು ನಗಲು ನೋಡಿದ. ಆಗಲಿಲ್ಲ. ಫೋನು ಇಟ್ಟುಬಿಟ್ಟ.

ಮಂಗಳವಾರ ಡೆಲ್ ಅರ್ಧ ಗಂಟೆ ಮೊದಲೇ ಭವನಕ್ಕೆ ಬಂದ. ಚೀಲದಲ್ಲಿ ಎರಡು ಲೋಟ ಬಂದುಬಿಟ್ಟಿದ್ದವು. ನೀಲಿ ಚಾಪೆಗಳನ್ನು ಹಾಸಿದ. ಒಂದರ ಮೇಲೆ ಅಂಗೈ ಆಡಿಸಿ ನೋಡಿದ. ಭವನದೊಳಗೆ ಕಲ್ಲು ಎಲ್ಲಿಂದ ಬರಬೇಕು, ಆದರೂ ಆಡಿಸಿದ. ಆಮೇಲೆ ಬಾಗಿಲಿಗೆ ಬೆನ್ನು ಮಾಡಿ ನಿಂತು, ಅರ್ಧ ತಿರುಗಿ, ಬಿದ್ದ.

ಸ್ವಲ್ಪ ಹೊತ್ತು ಬೋರಲೇ ಇದ್ದು ಪಕ್ಕಕ್ಕೆ ಉರುಳಿ ಜಾಗ ಬಿಟ್ಟ. ಹೊರಗೆ ಬರ್ನೀಸ್ ಯಾರಿಗೋ ಏನೋ ಹೇಳಿ ನಗುತ್ತ ಬರುವುದು ಕೇಳಿಸುತ್ತಿತ್ತು. ಮೆತ್ತನೆಯ ಚಾಪೆಯಲ್ಲಿ ಅವನ ಮೈ ಒತ್ತಿದ ಗುಂಡಿ ಮೆಲ್ಲಗೆ ಮೇಲೆದ್ದು ಸಮವಾಗುವವರೆಗೂ ಅವನು ಅದನ್ನೇ ನೋಡುತ್ತ ಮಲಗಿದ್ದ.